ಸಿಂಗಳೀಕ ನೋಡಲು ಒಂದು ದಿನ: ಶರಾವತಿ–ಅಘನಾಶಿನಿ ಕಾಡಿಗೆ ಹೊರಡುವವರಿಗೆ

ಜೋಗದಿಂದ ಹೊನ್ನಾವರಕ್ಕೆ ಇಳಿಯುವ ರಸ್ತೆಯ ಬದಿಯಲ್ಲಿ ಬಿಸ್ಕತ್ತಿಗಾಗಿ ಕಾದು ಕೂತ ಸಿಂಗಳೀಕವನ್ನು ಬಹಳ ಮಂದಿ ನೋಡಿದ್ದಾರೆ. ಎತ್ತರದ ಕೊಂಬೆಯಲ್ಲಿ ತನ್ನ ಪಾಡಿಗೆ ತಾನು ಹಣ್ಣು ಬಿಡಿಸಿ ತಿನ್ನುವ ಸಿಂಗಳೀಕವನ್ನು ನೋಡಿದವರು ಕಡಿಮೆ. ಅದನ್ನು ನೋಡಲು ದುಬಾರಿ ಕ್ಯಾಮೆರಾ ಬೇಡ. ಕಾಡು ಬಲ್ಲ ಒಬ್ಬ ಸ್ಥಳೀಯ, ಬೆಳಗಿನ ಹೊತ್ತಿನ ನಾಲ್ಕು ತಾಸು, ಸುಮ್ಮನೆ ನಿಲ್ಲುವ ತಾಳ್ಮೆ ಇದ್ದರೆ ಸಾಕು.

ಪಶ್ಚಿಮ ಘಟ್ಟದ ಮಳೆಕಾಡು ಬಿಟ್ಟರೆ ಜಗತ್ತಿನಲ್ಲಿ ಬೇರೆಲ್ಲೂ ಈ ಕೋತಿ ಕಾಡಿನಲ್ಲಿ ಬದುಕಿಲ್ಲ. ಅದರ ನೆಲೆಯ ಉತ್ತರದ ಅಂಚು ಈಗ ಉತ್ತರ ಕನ್ನಡದ ಅಘನಾಶಿನಿ ಕಣಿವೆ. 2011ರಲ್ಲಿ ಇಲ್ಲಿ 299.52 ಚದರ ಕಿ.ಮೀ. ಕಾಡನ್ನು ಸಿಂಗಳೀಕ ಸಂರಕ್ಷಣಾ ಮೀಸಲು ಎಂದು ಘೋಷಿಸಿದರು. 2019ರಲ್ಲಿ ಅದನ್ನೂ ಶರಾವತಿ ಅಭಯಾರಣ್ಯವನ್ನೂ ಸುತ್ತಲಿನ ಮೀಸಲು ಅರಣ್ಯವನ್ನೂ ಸೇರಿಸಿ 930.16 ಚದರ ಕಿ.ಮೀ.ಯ ಶರಾವತಿ ಕಣಿವೆ ಸಿಂಗಳೀಕ ಅಭಯಾರಣ್ಯ ಮಾಡಲಾಯಿತು. ಹೆಣ್ಣು ಮೊದಲ ಮರಿ ಹಾಕುವ ಹೊತ್ತಿಗೆ ಆರು ವರ್ಷ ದಾಟಿರುತ್ತದೆ, ಮುಂದಿನ ಮರಿಗೆ ಮತ್ತೆ ಎರಡು-ಮೂರು ವರ್ಷ. ಹಾಗಾಗಿ ರಸ್ತೆಯಲ್ಲಿ ಒಂದು ಹೆಣ್ಣು ಸತ್ತರೂ ಆ ಗುಂಪು ಬಹುಕಾಲ ಚೇತರಿಸಿಕೊಳ್ಳುವುದಿಲ್ಲ. ಕೆಳಗೆ ಹೇಳುವ ಕಟ್ಟುಪಾಡುಗಳೆಲ್ಲ ಹುಟ್ಟಿದ್ದು ಈ ಲೆಕ್ಕದಿಂದ.

ಯಾವಾಗ ಹೋಗಬೇಕು

ಅಕ್ಟೋಬರ್ ಮಧ್ಯದಿಂದ ನವೆಂಬರ್ ಕೊನೆಯವರೆಗಿನ ಸಮಯ ನಮ್ಮ ಮೊದಲ ಆಯ್ಕೆ. ಮಳೆ ಇಳಿದಿರುತ್ತದೆ, ಹಳ್ಳದಲ್ಲಿ ನೀರು ಇರುತ್ತದೆ, ಮಂಗನ ಕಾಯಿಲೆಯ ಹಾವಳಿ ಸಾಮಾನ್ಯವಾಗಿ ಇನ್ನೂ ಏರಿರುವುದಿಲ್ಲ. ಜೂನ್‌ನಿಂದ ಸೆಪ್ಟೆಂಬರ್‌ವರೆಗೆ ಎಡೆಬಿಡದ ಮಳೆ. ಮಂಜಿನಲ್ಲಿ ಮರದ ತುದಿಯೇ ಕಾಣದು, ಕೊಂಬೆ ಮುರಿದು ಬೀಳುವ ಭಯ ಬೇರೆ. ಡಿಸೆಂಬರ್‌ನಿಂದ ಮೇವರೆಗೆ ಕಾಡು ನಡೆಯಲು ಸುಲಭ, ಆದರೆ ಉಣುಗಿನ (ಉಣ್ಣೆಯ) ಕಾಟ. ಅದರ ಬಗ್ಗೆ ಮುಂದೆ ಹೇಳಿದೆ, ಅದನ್ನು ಹಾರಿಸಿ ಓದಬೇಡಿ.

ವಾರಾಂತ್ಯ ಬೇಡ. ಜೋಗಕ್ಕೆ ಬರುವ ವಾಹನಗಳ ಸದ್ದು ಕಣಿವೆಯಲ್ಲಿ ತುಂಬಿರುತ್ತದೆ. ರಾತ್ರಿ ರೈಲು ಹತ್ತಿ ಬೆಳಿಗ್ಗೆ ತಾಳಗುಪ್ಪದಲ್ಲಿ ಇಳಿದು ನೇರ ಕಾಡಿಗೆ ಹೋಗುವ ಯೋಜನೆಯೂ ಕೈಕೊಡುತ್ತದೆ: ನೀವು ತಿಂಡಿ ಮುಗಿಸಿ ಕಾಡು ಮುಟ್ಟುವಷ್ಟರಲ್ಲಿ ಒಳ್ಳೆಯ ಹೊತ್ತು ಕಳೆದಿರುತ್ತದೆ. ಹಿಂದಿನ ದಿನವೇ ಬಂದು ಸಿದ್ದಾಪುರ, ತಾಳಗುಪ್ಪ ಅಥವಾ ಜೋಗದಲ್ಲಿ ತಂಗಿ.

ಅನುಮತಿ ಮತ್ತು ಮಾರ್ಗದರ್ಶಿ

ಅಭಯಾರಣ್ಯದೊಳಗೆ ಅನುಮತಿಯಿಲ್ಲದೆ ಕಾಲಿಡುವುದು 1972ರ ವನ್ಯಜೀವಿ ಸಂರಕ್ಷಣಾ ಕಾಯ್ದೆಯ ಪ್ರಕಾರ ಅಪರಾಧ. ಸಾರ್ವಜನಿಕ ರಸ್ತೆಯಲ್ಲಿ ನಿಂತು ನೋಡಬಹುದು, ರಸ್ತೆ ಬಿಟ್ಟು ಹತ್ತು ಹೆಜ್ಜೆ ಒಳಗೆ ಇಡುವುದಾದರೂ ಚೀಟಿ ಬೇಕು. ನೀವು ಹೋಗುವ ಜಾಗ ಯಾವ ವಲಯಕ್ಕೆ ಸೇರುತ್ತದೆ ಎಂದು ಮೊದಲು ಕೇಳಿ ತಿಳಿದುಕೊಳ್ಳಿ. ಕಾರ್ಗಲ್ ಕಡೆಯ ಕಾಡಿಗೆ ಒಂದು ಕಚೇರಿ, ಸಿದ್ದಾಪುರ ಕಡೆಯದಕ್ಕೆ ಇನ್ನೊಂದು. ವಲಯ ಅರಣ್ಯಾಧಿಕಾರಿಗೆ ಒಂದು ವಾರ ಮುಂಚೆ ಅರ್ಜಿ ಕೊಡಿ. ಅದರಲ್ಲಿ ಎಲ್ಲರ ಹೆಸರು, ಗುರುತಿನ ಚೀಟಿಯ ಪ್ರತಿ, ವಾಹನದ ನಂಬರ್, ದಿನಾಂಕ, ನಡೆಯುವ ದಾರಿ ಇರಲಿ. ಮಾರ್ಗದರ್ಶಿಯನ್ನು ಅವರಿಂದಲೇ ಕೇಳಿ ಪಡೆಯುವುದು ಉತ್ತಮ.

ಮಾರ್ಗದರ್ಶಿ ಒಳ್ಳೆಯವರೋ ಅಲ್ಲವೋ ಎಂದು ತಿಳಿಯಲು ಒಂದು ಪ್ರಶ್ನೆ ಸಾಕು: “ಈಗ ಯಾವ ಮರ ಹಣ್ಣು ಬಿಟ್ಟಿದೆ?” ಸಿಂಗಳೀಕ ಬಲ್ಲವರು ಮರದ ಹೆಸರಿನಿಂದಲೇ ಮಾತು ಶುರುಮಾಡುತ್ತಾರೆ: ಆಲದ ಜಾತಿಯ ಇಂಥ ಮರ, ಹಳ್ಳದ ಆಚೆಯ ರಾಂಪತ್ರೆ, ದಿಬ್ಬದ ಬೈನೆ. “ನೂರಕ್ಕೆ ನೂರು ತೋರಿಸ್ತೇನೆ” ಎನ್ನುವವರ ಬಗ್ಗೆ ಎಚ್ಚರ. ಹಾಗೆ ಭರವಸೆ ಕೊಡಲು ಇರುವ ಒಂದೇ ಉಪಾಯ ಬಾಳೆಹಣ್ಣು ತೋರಿಸಿ ಕರೆಯುವುದು. ಅಂಥವರ ಜೊತೆ ಹೋಗಬೇಡಿ. ಕೂಲಿ, ವಾಹನದ ಖರ್ಚು, ಸಮಯ ಎಲ್ಲವನ್ನೂ ಹಿಂದಿನ ದಿನವೇ ಮಾತಾಡಿ ಮುಗಿಸಿ. ಪ್ರಾಣಿ ಕಾಣದಿದ್ದರೂ ಪೂರ್ತಿ ಹಣ ಕೊಡುತ್ತೇವೆ ಎಂದು ಮೊದಲೇ ಹೇಳಿಬಿಡಿ. ಹೀಗೆ ಹೇಳಿದರೆ ಅವರಿಗೂ ಗುಂಪಿನ ಬೆನ್ನುಹತ್ತಿ ಓಡಿಸುವ ಒತ್ತಡ ಇರುವುದಿಲ್ಲ.

ಮಾರ್ಗದರ್ಶಿ ಬಿಟ್ಟು ನಾಲ್ಕು ಜನ, ಹೆಚ್ಚೆಂದರೆ ಆರು. ಎಂಟು ಜನರಾದರೆ ಹಿಂದಿನವರಿಗೆ ಮುಂದಿನವರ ಬೆನ್ನಷ್ಟೇ ಕಾಣುತ್ತದೆ, ಪಿಸುಮಾತು ಗಲಾಟೆಯಾಗುತ್ತದೆ.

ಚೀಲದಲ್ಲಿ

8x42 ದುರ್ಬೀನು ಇಬ್ಬರಿಗೊಂದು. ಇದಕ್ಕಿಂತ ಹೆಚ್ಚು ಶಕ್ತಿಯದ್ದು ಕೈಯಲ್ಲಿ ನಡುಗುತ್ತದೆ, ಕತ್ತಲುಗಾಡಿನಲ್ಲಿ ಮಂಕಾಗಿಯೂ ಕಾಣುತ್ತದೆ. ಹಸಿರು ಅಥವಾ ಮಣ್ಣಿನ ಬಣ್ಣದ ತುಂಬುತೋಳಿನ ಅಂಗಿ, ಹಿಡಿತವಿರುವ ಬೂಟು, ಉಂಬಳ (ಕಾಡಿನ ಜಿಗಣೆ) ಹತ್ತದಂತೆ ಮೊಣಕಾಲವರೆಗೆ ಬರುವ ಕಾಲುಚೀಲ, ಎರಡು ಲೀಟರ್ ನೀರು. ತಿಂಡಿಯನ್ನು ಮುಚ್ಚಳ ಗಟ್ಟಿಯಿರುವ ಡಬ್ಬಿಯಲ್ಲಿ ತನ್ನಿ. ಬಾಳೆಹಣ್ಣು ಮತ್ತು ಸರಸರ ಸದ್ದು ಮಾಡುವ ಪ್ಲಾಸ್ಟಿಕ್ ಪೊಟ್ಟಣ ಬೇಡ. ಮನುಷ್ಯರ ತಿಂಡಿಯ ರುಚಿ ಹತ್ತಿದ ಕೋತಿಗೆ ಆ ಸದ್ದು ಚೆನ್ನಾಗಿ ಗೊತ್ತು. ನೆಗಡಿ, ಕೆಮ್ಮು, ಜ್ವರ ಇರುವವರು ಆ ದಿನ ಬರಬಾರದು, ನಮ್ಮ ರೋಗ ಅವಕ್ಕೂ ತಗಲುತ್ತದೆ.

ಉಂಬಳ ಹತ್ತಿದರೆ ಎಳೆದು ಕೀಳಬೇಡಿ. ಉಗುರನ್ನು ಚರ್ಮಕ್ಕೆ ಒತ್ತಿ ಅದರ ಬಾಯಿಯ ಕಡೆಯಿಂದ ಜಾರಿಸಿ ತೆಗೆಯಿರಿ. ರಕ್ತ ಹೆಪ್ಪುಗಟ್ಟದಂತೆ ಅದು ಒಂದು ರಸ ಬಿಟ್ಟಿರುತ್ತದೆ, ಹಾಗಾಗಿ ಗಾಯ ಸ್ವಲ್ಪ ಹೊತ್ತು ಸೋರುತ್ತದೆ. ಹತ್ತಿ ಒತ್ತಿ ಹಿಡಿದರೆ ಸಾಕು.

ಬೆಳಗಿನ ನಡಿಗೆ

ಆರೂವರೆಗೆ ಕಾಡಿನ ಅಂಚಿನಲ್ಲಿರಬೇಕು. ಮಾವಿನಗುಂಡಿಯಿಂದ ಕತ್ತಲೆಕಾನು, ಮಲೆಮನೆ ಘಟ್ಟದ ಕಡೆ ಹೋಗುವುದಾದರೆ ಗಂಟೆಗೆ ಮೂವತ್ತು ಕಿ.ಮೀ. ಮೀರದಂತೆ ಓಡಿಸಿ. ತಿರುವಿನ ಆಚೆ ಗುಂಪು ರಸ್ತೆ ದಾಟುತ್ತಿರಬಹುದು. ಒಂದು ಕೋತಿ ದಾಟಿತೆಂದು ಗಾಡಿ ಮುಂದೆ ಬಿಡಬೇಡಿ, ಹಿಂದೆ ಮರಿ ಹೊತ್ತ ತಾಯಿ ಇರುತ್ತದೆ.

ನಿಧಾನ ನಡೆಯುವುದು, ಇನ್ನೂರು ಹೆಜ್ಜೆಗೊಮ್ಮೆ ನಿಂತು ಐದು ನಿಮಿಷ ಕೇಳುವುದು. ನಿಂತಾಗಲೇ ಹೆಚ್ಚು ಸಿಗುತ್ತದೆ. ಕಿವಿಗೆ ಮೊದಲು ಬೀಳುವುದು ಎಲೆಯ ಮೇಲೆ ಹಣ್ಣು, ಸಿಪ್ಪೆ ಉದುರುವ ಟಪ್ ಟಪ್ ಸದ್ದು. ಆಮೇಲೆ ಗುಂಪಿನವು ಒಂದನ್ನೊಂದು ಕರೆಯುವ ಮೆಲುದನಿ. ದೊಡ್ಡ ಗಂಡು ಕೂಗಿದರೆ ಕಣಿವೆಯಾಚೆಗೂ ಕೇಳುತ್ತದೆ. ಗಾಳಿಯಿಲ್ಲದ ಹೊತ್ತಲ್ಲಿ ಒಂದೇ ಕೊಂಬೆ ತೂಗುತ್ತಿದ್ದರೆ ದುರ್ಬೀನು ಅಲ್ಲಿಗೆ. ಮರದಡಿಯಲ್ಲಿ ಕಚ್ಚಿ ಬಿಸಾಡಿದ ಹಣ್ಣಿದ್ದರೆ ಎತ್ತದೆ ಬಗ್ಗಿ ನೋಡಿ: ಕಚ್ಚಿದ ಜಾಗ ಕಂದಾಗದೆ ಹಸಿಯಾಗಿದ್ದರೆ ಗುಂಪು ದೂರ ಹೋಗಿಲ್ಲ.

ಮುಸುವವನ್ನು ಸಿಂಗಳೀಕ ಎಂದು ತಿಳಿದು ಖುಷಿಪಡುವುದು ಸಾಮಾನ್ಯ ತಪ್ಪು, ಎರಡರ ಮುಖವೂ ಕಪ್ಪು. ಮುಸುವದ ಮೈ ಬೂದು, ಬಾಲ ಮೈಗಿಂತ ಉದ್ದ. ಸಿಂಗಳೀಕದ ಮೈ ಹೊಳೆಯುವ ಕಪ್ಪು, ಮುಖದ ಸುತ್ತ ಬೂದುಬಣ್ಣದ ಕೇಸರ, ಗಿಡ್ಡ ಬಾಲದ ತುದಿಯಲ್ಲಿ ಸಿಂಹಕ್ಕಿರುವಂಥ ಕುಚ್ಚು. ಎಳೆಮರಿಗೆ ಕೇಸರ ಇರುವುದಿಲ್ಲ, ಮುಖವೂ ತಿಳಿಬಣ್ಣ. ಅದನ್ನು ಬೇರೆ ಜಾತಿಯ ಕೋತಿ ಎಂದುಕೊಳ್ಳಬೇಡಿ.

ಕಂಡ ಕೂಡಲೇ ಇದ್ದಲ್ಲೇ ನಿಲ್ಲಿ. ಮೂವತ್ತು ಮೀಟರ್ ಅಂತರ ಇರಲಿ. ಅವೇ ಹತ್ತಿರ ಬಂದರೆ ನೀವು ಹಿಂದೆ ಸರಿಯಿರಿ. ದಿಟ್ಟಿಸುವುದು, ಹಲ್ಲು ಬಿಟ್ಟು ನಗುವುದು ಅವಕ್ಕೆ ಬೆದರಿಕೆ. ಫ್ಲ್ಯಾಷ್ ಬೇಡ, ಮೊಬೈಲಿನಲ್ಲಿ ಕೂಗು ಹಾಕಿ ಕರೆಯುವುದಂತೂ ಬೇಡವೇ ಬೇಡ: ಬೇರೆ ಗುಂಪು ಬಂತೆಂದು ಗಂಡು ಮೇವು ಬಿಟ್ಟು ಕಾವಲಿಗೆ ನಿಲ್ಲುತ್ತದೆ. ಒಂದು ಗುಂಪಿನ ಬಳಿ ಒಂದು ಗಂಟೆ ಸಾಕು.

ಎಣಿಸಬೇಕೆಂದರೆ ಮರದಲ್ಲಿ ಮೇಯುವಾಗ ಎಣಿಸಲು ಹೋಗಬೇಡಿ, ಎಲೆಮರೆಯಲ್ಲಿ ಲೆಕ್ಕ ತಪ್ಪುತ್ತದೆ. ಎರಡು ಮರಗಳ ನಡುವಿನ ಖಾಲಿ ಜಾಗವನ್ನು ಆರಿಸಿಕೊಂಡು ಕಾಯಿರಿ. ಅವು ಹೆಚ್ಚುಕಡಿಮೆ ಒಂದೇ ಕೊಂಬೆಯಿಂದ ಒಂದರ ಹಿಂದೊಂದು ಜಿಗಿಯುತ್ತವೆ. ಒಬ್ಬರು ಎಣಿಸಲಿ, ಇನ್ನೊಬ್ಬರು ಮರಿಗಳನ್ನಷ್ಟೇ ಗಮನಿಸಲಿ.

ಹತ್ತೂವರೆ ಹೊತ್ತಿಗೆ ಬಿಸಿಲೇರಿ ಅವು ವಿಶ್ರಾಂತಿಗೆ ಕೂರುತ್ತವೆ, ಕಾಡು ಮೌನವಾಗುತ್ತದೆ. ಈ ಹೊತ್ತನ್ನು ರಾಂಪತ್ರೆ ಜಡ್ಡಿಗೆ ಕೊಡಿ. ಕತ್ತಲೆಕಾನಿನ ಈ ಜೌಗುಕಾಡಿನಲ್ಲಿ ಮರಗಳು ಬೇರನ್ನು ಮೊಣಕಾಲಿನಂತೆ ಕೆಸರಿನಿಂದ ಮೇಲೆತ್ತಿ ಉಸಿರಾಡುತ್ತವೆ. ಆ ಬೇರು ತುಳಿಯಬೇಡಿ, ಸಿಪ್ಪೆ ಸುಲಿದರೆ ಕೊಳೆಯುತ್ತದೆ. ಈ ಕಾನಿನ ಹೆಸರನ್ನೇ ಹೊತ್ತ, ಗೇರಿನ ಕುಟುಂಬದ ಒಂದು ಮರವನ್ನು ವಿಜ್ಞಾನಿಗಳು 2000ರಲ್ಲಿ ಮೊದಲ ಬಾರಿಗೆ ದಾಖಲಿಸಿದರು. ರಾಂಪತ್ರೆಯ ಬೀಜವನ್ನು ದೂರ ಸಾಗಿಸುವ ಮಂಗಟ್ಟೆ ಹಕ್ಕಿಯ ರೆಕ್ಕೆಯ ಬೀಸು ಇಲ್ಲಿ ಕೇಳಬಹುದು. ಕೆಂದಳಿಲೂ ಸಿಕ್ಕೀತು.

ಮಧ್ಯಾಹ್ನ ಮೂರರಿಂದ ಐದೂವರೆವರೆಗೆ ಗುಂಪು ಮತ್ತೆ ಮೇಯುತ್ತದೆ. ಬೆಳಿಗ್ಗೆ ತಪ್ಪಿದ್ದರೆ ಅದೇ ಹಣ್ಣಿನ ಮರಕ್ಕೆ ಮರಳಿ ಬನ್ನಿ. ಹೊಸ ಜಾಗ ಹುಡುಕುತ್ತಾ ಅಲೆದರೆ ಎರಡೂ ಕೈತಪ್ಪುತ್ತವೆ. ಇದೇ ದಿನ ಜೋಗ, ಉಂಚಳ್ಳಿ ಜಲಪಾತ ಎರಡೂ ನೋಡಿ ಮುಗಿಸುವ ಆಸೆಯನ್ನು ಬಿಡಿ.

ಉಪ್ಪಾಗೆಯ ಮಾತು

ಮಳೆಗಾಲದಲ್ಲಿ ಸಿಂಗಳೀಕಕ್ಕೆ ಉಪ್ಪಾಗೆ ಎಂಬ ಹುಳಿ ಕಾಡುಹಣ್ಣು ಮುಖ್ಯ ಆಹಾರ. ಅದರ ಸಿಪ್ಪೆಗೆ ಮಾರುಕಟ್ಟೆ ಬಂದ ಮೇಲೆ ಹಣ್ಣಾಗುವ ಮುಂಚೆಯೇ ಕೊಂಬೆ ಕಡಿದು ಕೊಯ್ಯುವ ಪೈಪೋಟಿ ಶುರುವಾಯಿತು. ಸಿಪ್ಪೆ ಒಣಗಿಸಲು ಕಾಡಿನದೇ ಸೌದೆ. ಕೊಯ್ಯುವ ಮನೆಗಳಿಗೂ ಅದೇ ವರ್ಷದ ಆದಾಯ, ಆದ್ದರಿಂದ ಬರೀ ಬೈದರೆ ಪ್ರಯೋಜನವಿಲ್ಲ. ಹಣ್ಣಾದ ಮೇಲೆ, ಕೊಂಬೆ ಉಳಿಸಿ ಕೊಯ್ದವರಿಂದ ಒಣಸಿಪ್ಪೆ, ಮುರುಗಲು, ಜೇನು ಕೊಳ್ಳಿ. ಊಟವನ್ನೂ ಹಳ್ಳಿಯ ಮನೆಯಲ್ಲೇ ಹೇಳಿಡಿ. ಕಾಡು ಉಳಿದರೆ ನಮಗೂ ಗಳಿಕೆ ಇದೆ ಎಂಬುದು ಅಲ್ಲಿಯವರಿಗೆ ನಿಮ್ಮ ದುಡ್ಡಿನಿಂದ ಗೊತ್ತಾಗಬೇಕು.

ಮಂಗನ ಕಾಯಿಲೆ

1957ರಲ್ಲಿ ಸೊರಬ ತಾಲ್ಲೂಕಿನ ಕ್ಯಾಸನೂರು ಕಾಡಿನಲ್ಲಿ ಮೊದಲು ಪತ್ತೆಯಾದ ಈ ಕಾಯಿಲೆ ಉಣುಗು ಕಚ್ಚುವುದರಿಂದ ಬರುತ್ತದೆ. 2018–19ರಲ್ಲಿ ಸಾಗರ ತಾಲ್ಲೂಕಿನ ಅರಳಗೋಡಿನಲ್ಲಿ ಜನ ಸತ್ತರು. ಹೊರಡುವ ಮುಂಚೆ ಹತ್ತಿರದ ಪ್ರಾಥಮಿಕ ಆರೋಗ್ಯ ಕೇಂದ್ರಕ್ಕೆ ಫೋನ್ ಮಾಡಿ ಆ ಭಾಗದಲ್ಲಿ ಪ್ರಕರಣ ಇದೆಯೇ ಎಂದು ಕೇಳಿ. ಇದ್ದರೆ ಪ್ರವಾಸ ಮುಂದೂಡಿ. ಆರೋಗ್ಯ ಇಲಾಖೆಯವರು ಹಂಚುವ ಉಣುಗು ತಡೆಯುವ ಡೆಪಾ ಎಣ್ಣೆ ಸಿಕ್ಕರೆ ಕೈಕಾಲಿಗೆ ಹಚ್ಚಿಕೊಳ್ಳಿ, ಪ್ಯಾಂಟನ್ನು ಕಾಲುಚೀಲದೊಳಗೆ ತೂರಿಸಿ, ತರಗೆಲೆಯ ಮೇಲೆ ಕೂರಬೇಡಿ. ಸತ್ತ ಮಂಗ ಕಂಡರೆ ಹತ್ತಿರ ಹೋಗದೆ ಅರಣ್ಯ ಸಿಬ್ಬಂದಿಗೆ ತಕ್ಷಣ ತಿಳಿಸಿ.

ವಾಪಸು ಬಂದ ಕೂಡಲೇ ಬಿಸಿನೀರಿನಲ್ಲಿ ಸೋಪು ಹಚ್ಚಿ ಸ್ನಾನ ಮಾಡಿ, ಬಟ್ಟೆಯನ್ನೂ ಬಿಸಿನೀರಿಗೆ ಹಾಕಿ. ಕಂಕುಳು, ಮೊಣಕಾಲ ಹಿಂದೆ, ಕಿವಿಯ ಹಿಂದೆ ನೋಡಿಕೊಳ್ಳಿ, ಎಳೆಯ ಉಣುಗು ಎಳ್ಳಿಗಿಂತ ಚಿಕ್ಕದು. ಕಂಡ ಗುಂಪಿನ ವಿವರವನ್ನು, ಅಂದರೆ ಹೊತ್ತು, ಜಾಗ, ಎಷ್ಟಿದ್ದವು, ಮರಿ ಎಷ್ಟು, ಯಾವ ಮರ ಎಂಬುದನ್ನು ಬರೆದು ವಲಯ ಕಚೇರಿಗೆ ಕೊಡಿ. ಜಾಗದ ಗುರುತನ್ನು ಮಾತ್ರ ಸಾಮಾಜಿಕ ಜಾಲತಾಣದಲ್ಲಿ ಹಾಕಬೇಡಿ. ಮುಂದಿನ ಹತ್ತು ದಿನದೊಳಗೆ ಹಠಾತ್ ಜ್ವರ, ತಲೆನೋವು, ಮೈಕೈ ನೋವು ಬಂದರೆ ಮಾತ್ರೆ ನುಂಗಿ ಕಾಯಬೇಡಿ. ವೈದ್ಯರ ಬಳಿ ಹೋಗಿ, ಮಲೆನಾಡಿನ ಕಾಡಿಗೆ ಹೋಗಿದ್ದೆ ಎಂದು ಮೊದಲು ಹೇಳಿ.