ಮೂಕ ದೃಶ್ಯ, ಬಿಡಿ ಧ್ವನಿ: ಸಾಕ್ಷ್ಯಚಿತ್ರ ಕಟ್ಟುವ ಒಂದು ಪ್ರಯೋಗಕ್ರಮ

ಫ್ರಾನ್ಸಿನ ಚಿತ್ರ ನಿರ್ದೇಶಕ ಕ್ರಿಸ್ ಮಾರ್ಕರ್ (1921–2012) ಅವರು ‘ಸಾನ್ ಸೊಲೇ’ (1983) ಚಿತ್ರಕ್ಕಾಗಿ ಜಪಾನ್, ಪಶ್ಚಿಮ ಆಫ್ರಿಕಾದ ಗಿನಿ-ಬಿಸಾವ್ ಮೊದಲಾದೆಡೆ ತಿರುಗಾಡಿದಾಗ ಅವರ ಬಳಿ ಇದ್ದದ್ದು ಧ್ವನಿ ಹಿಡಿಯದ ಒಂದು 16 ಎಂ.ಎಂ. ಕ್ಯಾಮೆರಾ ಮತ್ತು ಸಣ್ಣ ಕ್ಯಾಸೆಟ್ ರೆಕಾರ್ಡರ್. ದೃಶ್ಯವನ್ನೂ ಧ್ವನಿಯನ್ನೂ ಬೇರೆ ಬೇರೆಯಾಗಿ ಸಂಗ್ರಹಿಸಿ, ಅವು ಒಂದನ್ನೊಂದು ಪ್ರಶ್ನಿಸುವಂತೆ ಜೋಡಿಸುವ ಈ ಕ್ರಮವು ತಂಡವಿಲ್ಲದೆ ಒಬ್ಬರೇ ಚಿತ್ರ ಮಾಡುವವರಿಗೆ ಇಂದಿಗೂ ಒದಗುತ್ತದೆ.

ಅವರು ಬಳಸಿದ 100 ಅಡಿಯ ಒಂದು ರೀಲು ಮೂರು ನಿಮಿಷವೂ ಓಡುತ್ತಿರಲಿಲ್ಲ. ಮೊಬೈಲಿಗೆ ಆ ಮಿತಿ ಇಲ್ಲವಾದ್ದರಿಂದ ಅದನ್ನು ನೀವೇ ಹಾಕಿಕೊಳ್ಳಬೇಕು: ಪ್ರತಿ ಶಾಟ್ ಅರ್ಧ ನಿಮಿಷದೊಳಗೆ ಮುಗಿಯಲಿ, ಸಂದರ್ಶನ ಬೇಡ. ಧ್ವನಿಗೆ ಪ್ರತ್ಯೇಕ ಸಮಯ ಕೊಡಿ. ಕ್ಯಾಮೆರಾವನ್ನು ಚೀಲದಲ್ಲಿಟ್ಟು, ರೆಕಾರ್ಡರನ್ನು ಅಲುಗಾಡದ ಜಾಗದಲ್ಲಿರಿಸಿ, ಮೈಕಿಗೆ ಗಾಳಿತಡೆಯ ಸ್ಪಂಜು ಹಾಕಿ, ಸ್ಥಳ ಮತ್ತು ಹೊತ್ತನ್ನು ಮೊದಲು ಬಾಯಿಬಿಟ್ಟು ಹೇಳಿ, ಅನಂತರ ಐದು ನಿಮಿಷ ಸುಮ್ಮನಿರಿ. ಹೀಗೆ ಹೆಸರು ಹೇಳದ ಕಡತಗಳು ಸಂಕಲನದ ವೇಳೆಗೆ ಎಲ್ಲಿಯವೆಂದು ತಿಳಿಯದೆ ನಿರುಪಯುಕ್ತವಾಗುತ್ತವೆ.

ನಿಜವಾದ ಪರೀಕ್ಷೆ ಇರುವುದು ನಿರೂಪಣೆಯಲ್ಲಿ. ಸೈಬೀರಿಯಾದ ಕುರಿತ ತಮ್ಮ ಹಿಂದಿನ ಚಿತ್ರದಲ್ಲಿ ಮಾರ್ಕರ್ ಯಾಕುತ್ಸ್ಕ್ ನಗರದ ಒಂದೇ ದೃಶ್ಯತುಣುಕನ್ನು (ಬಸ್ಸೊಂದು ಕಾರನ್ನು ಹಾದುಹೋಗುತ್ತದೆ, ಕಾರ್ಮಿಕರು ರಸ್ತೆ ಸಮಗೊಳಿಸುತ್ತಿದ್ದಾರೆ, ದಾರಿಹೋಕನೊಬ್ಬ ಕ್ಯಾಮೆರಾದತ್ತ ನೋಡುತ್ತಾನೆ) ಮೂರು ನಿರೂಪಣೆಗಳೊಂದಿಗೆ ಮರುಕಳಿಸಿದರು. ಒಂದರಲ್ಲಿ ಸೋವಿಯತ್ ವ್ಯವಸ್ಥೆಯ ಹೊಗಳಿಕೆ, ಇನ್ನೊಂದರಲ್ಲಿ ಅದರ ತೆಗಳಿಕೆ, ಮೂರನೆಯದರಲ್ಲಿ ತಟಸ್ಥ ವಿವರಣೆ. ಆದರೆ ತಟಸ್ಥ ವಿವರಣೆಯೂ ವಾಸ್ತವವನ್ನು ತಿರುಚುತ್ತದೆ ಎಂಬುದನ್ನು ಅವರು ಅಲ್ಲಿಯೇ ಸೇರಿಸುತ್ತಾರೆ. ವಿಮರ್ಶಕ ಆಂದ್ರೆ ಬಜಾ಼ನ್ ಇಲ್ಲಿ ಜೋಡಣೆ ಕಿವಿಯಿಂದ ಕಣ್ಣಿಗೆ ನಡೆಯುತ್ತದೆ, ಅಂದರೆ ಕೇಳಿದ ಮಾತೇ ಕಂಡ ದೃಶ್ಯಕ್ಕೆ ಅರ್ಥ ಕೊಡುತ್ತದೆ ಎಂದು 1958ರಲ್ಲಿಯೇ ಗುರುತಿಸಿದ್ದರು. ನೀವೂ ನಿಮ್ಮ ಅತ್ಯುತ್ತಮ ದೃಶ್ಯವನ್ನಲ್ಲ, ತೀರಾ ಸಾಮಾನ್ಯವಾದ ಒಂದನ್ನು, ಉದಾಹರಣೆಗೆ ಸಂತೆಯಲ್ಲಿ ತಕ್ಕಡಿ ಹಿಡಿದ ಕೈಯನ್ನು ಆರಿಸಿಕೊಂಡು ಅದಕ್ಕೆ ಮೂರು ಪಠ್ಯಗಳನ್ನು ಬರೆಯಿರಿ. ಕೈ ತೂಗುತ್ತಿದೆ ಎಂದು ಹೇಳುವ ವಾಕ್ಯವನ್ನು ಹೊಡೆದುಹಾಕಿ, ಅದು ಕಾಣುತ್ತಿರುತ್ತದೆ.

‘ಸಾನ್ ಸೊಲೇ’ಯಲ್ಲಿ ಕಲ್ಪಿತ ಛಾಯಾಗ್ರಾಹಕನೊಬ್ಬನ ಪತ್ರಗಳನ್ನು ಹೆಣ್ಣು ದನಿಯೊಂದು ಓದುತ್ತದೆ. ಪಠ್ಯವನ್ನು ಪತ್ರವಾಗಿಸಿ ಬೇರೊಬ್ಬರಿಂದ ಓದಿಸಿದರೆ ಭಾಷಣದ ಧಾಟಿ ತಾನಾಗಿ ಇಳಿಯುತ್ತದೆ. ಅನುಭವಿ ಕಂಠದಾನ ಕಲಾವಿದರಿಗಿಂತ ನಿಧಾನವಾಗಿ ಓದುವ ಪರಿಚಿತರೇ ಮೇಲೆಂಬುದು ನನ್ನ ಅಭಿಪ್ರಾಯ.

ಒಂದೂರಿನ ಧ್ವನಿಯನ್ನು ಇನ್ನೊಂದೂರಿನ ದೃಶ್ಯಕ್ಕೆ ಜೋಡಿಸಬಹುದು. ಆದರೆ ಗುರುತು ಹಿಡಿಯಬಹುದಾದ ವ್ಯಕ್ತಿಯ ಮುಖದ ಮೇಲೆ ಮತ್ತೊಬ್ಬರ ಮಾತನ್ನು ಅವರದೇ ಎಂಬಂತೆ ಕೂರಿಸುವುದು ಪ್ರಯೋಗವಲ್ಲ, ವಂಚನೆ.

ಕೊನೆಗೆ ಕರಡು ಚಿತ್ರವನ್ನು ಇಬ್ಬರಿಗೆ ನಿರೂಪಣೆಯಿಲ್ಲದೆ, ಬೇರೆ ಇಬ್ಬರಿಗೆ ನಿರೂಪಣೆಯೊಂದಿಗೆ ತೋರಿಸಿ, ಕಂಡದ್ದೇನೆಂದು ಕೇಳಿ. ಯಾವ ಭಾಗಕ್ಕೆ ಎಲ್ಲರಿಂದಲೂ ಒಂದೇ ಉತ್ತರ ಬರುತ್ತದೆಯೋ ಅಲ್ಲಿ ನಿರೂಪಣೆಯನ್ನು ತೆಗೆದು, ನೀವು ದಾಖಲಿಸಿದ ಪರಿಸರದ ಸದ್ದನ್ನು ಉಳಿಸಿಕೊಳ್ಳಿ.