ಒಪ್ಪಿಕೊಂಡ ಬಿಲ್ಲಿಗೆ ರಿಟ್ ಹಾಕಿದ್ದು: ನನ್ನ ಅನುಭವ

ನಾನು ಗುತ್ತಿಗೆ ಹಿಡಿದ ಸರ್ಕಾರಿ ರಸ್ತೆ ಕಾಮಗಾರಿ ಮುಗಿದು, ಎಂಬಿ ಬುಕ್ಕಿಗೆ (ಅಳತೆ ಪುಸ್ತಕ) ಅಳತೆ ಏರಿ, ಎಇಇ (ಸಹಾಯಕ ಕಾರ್ಯಪಾಲಕ ಎಂಜಿನಿಯರ್) ಚೆಕ್ ಮೆಜರ್‌ಮೆಂಟ್, ಅಂದರೆ ಅಳತೆಯ ಮರುಪರಿಶೀಲನೆ, ಮಾಡಿ ಸಹಿ ಹಾಕಿದ ಮೇಲೂ ನನ್ನ ಫೈನಲ್ ಬಿಲ್ ವಿಭಾಗ ಕಚೇರಿಯಲ್ಲೇ ಕೂತಿತ್ತು. ಕೇಳಿದಾಗಲೆಲ್ಲ ‘ಅನುದಾನ ಬಂದಿಲ್ಲ’ ಅನ್ನುವ ಒಂದೇ ಮಾತು. ಜಲ್ಲಿ, ಡಾಂಬರಿಗೆ ಸಾಲ ತಂದವನಿಗೆ ಕಾದ ಪ್ರತಿ ತಿಂಗಳೂ ಬಡ್ಡಿಯೇ.

ಹೈಕೋರ್ಟಿನ ಧಾರವಾಡ ಪೀಠದಲ್ಲಿ ವಕಾಲತ್ತು ಮಾಡುವ ವಕೀಲರೊಬ್ಬರಲ್ಲಿಗೆ ಹೋದೆ. ಫೈಲು ತಿರುವಿ ಅವರು ಕೇಳಿದ್ದು: “ಇದರಾಗ ಅವರು ಒಪ್ಪಿಕೊಂಡದ್ದು ಎಷ್ಟರಿ, ನೀವು ಹೇಳೂದು ಎಷ್ಟು?” ಇಡೀ ಪ್ರಕರಣ ನಿಂತದ್ದು ಆ ಪ್ರಶ್ನೆಯ ಮೇಲೆ. ಎಕ್ಸ್‌ಟ್ರಾ ಐಟಂ (ಕರಾರಿನಲ್ಲಿಲ್ಲದ ಹೆಚ್ಚುವರಿ ಕೆಲಸ), ದರ ವ್ಯತ್ಯಾಸ, ತಡವಾದದ್ದಕ್ಕೆ ಪರಿಹಾರ ಇವೆಲ್ಲ ನಾನು ಹೇಳುವುದು. ಅವಕ್ಕೆ ಸಾಕ್ಷಿ ಬೇಕು, ಪಾಟೀಸವಾಲು ಬೇಕು. ಸಿವಿಲ್ ಕೋರ್ಟಿನ ಕೆಲಸ. ಗುತ್ತಿಗೆ ಷರತ್ತಿನ ಇಂಥ ಜಗಳ ಸಾಮಾನ್ಯವಾಗಿ ರಿಟ್‌ನಲ್ಲಿ (ಸರ್ಕಾರದ ನಡೆಯ ವಿರುದ್ಧ ನೇರವಾಗಿ ಹೈಕೋರ್ಟಿಗೆ ಹಾಕುವ ಅರ್ಜಿ) ತೀರುವಂಥದ್ದಲ್ಲ ಎಂದು ಸುಪ್ರೀಂ ಕೋರ್ಟ್ 2000ರಲ್ಲೇ, ಕೇರಳ ವಿದ್ಯುತ್ ಮಂಡಳಿಯ ಪ್ರಕರಣದಲ್ಲಿ ಹೇಳಿದೆ. ಆದರೆ ಸರ್ಕಾರವೇ ಅಳೆದು, ಲೆಕ್ಕ ಹಾಕಿ, ಪಾಸು ಮಾಡಿದ ಹಣವನ್ನು ಕಾರಣವಿಲ್ಲದೆ ತಡೆದರೆ ಅದು ಸಂವಿಧಾನದ 14ನೇ ವಿಧಿಗೆ, ಅಂದರೆ ಸಮಾನತೆಯ ಹಕ್ಕಿಗೆ, ವಿರುದ್ಧವಾದ ಮನಬಂದ ನಡೆ. ಅಲ್ಲಿ ಹೈಕೋರ್ಟಿಗೆ ರಿಟ್ ಅಧಿಕಾರ ಕೊಡುವ 226ನೇ ವಿಧಿಯ ಬಾಗಿಲು ತೆರೆದಿದೆ. ಸುಪ್ರೀಂ ಕೋರ್ಟಿನ ಎಬಿಎಲ್ ಇಂಟರ್‌ನ್ಯಾಷನಲ್ ತೀರ್ಪು ನಮಗೆ ಆಧಾರವಾದದ್ದು ಇಲ್ಲಿ.

ಹಾಗಾಗಿ ಪಾಸಾದ ಬಿಲ್ಲನ್ನಷ್ಟೇ ಅರ್ಜಿಯಲ್ಲಿ ಇಟ್ಟೆವು. ಉಳಿದ ಕ್ಲೇಮುಗಳ ಹಕ್ಕನ್ನು ಬಿಟ್ಟುಕೊಟ್ಟಿಲ್ಲ ಎಂದು ಪ್ರತ್ಯೇಕ ಪ್ಯಾರಾದಲ್ಲಿ ಬರೆಸಿದೆ. ಎಲ್ಲ ಬಾಕಿಯನ್ನೂ ಒಂದೇ ಗಂಟು ಕಟ್ಟಿ ತಂದವರ ಅರ್ಜಿ ‘ಸಿವಿಲ್ ದಾವೆ ಹಾಕಿ’ ಎಂದು ವಾಪಸಾದದ್ದನ್ನು ನೋಡಿದ್ದೇನೆ, ಹೊಟ್ಟೆ ಉರಿಯುತ್ತದೆ.

ಅದಕ್ಕೂ ಮೊದಲು ದಾಖಲೆ ಕೂಡಿಸಿದೆ. ಎಂಬಿ ಪುಟಗಳು, ಪಾಸಾದ ಬಿಲ್ಲು, ಪೂರ್ಣಗೊಂಡ ಪ್ರಮಾಣಪತ್ರ, ಟಿಪ್ಪಣಿ ಹಾಳೆ, ಎಲ್ಲದರ ದೃಢೀಕೃತ ಪ್ರತಿಯನ್ನು ಮಾಹಿತಿ ಹಕ್ಕಿನಲ್ಲಿ ಪಡೆದೆ. ಕಚೇರಿಯ ಸೀಲಿನಲ್ಲೇ ಬಂದ ಕಾಗದವನ್ನು ಅದೇ ಕಚೇರಿ ಅಲ್ಲಗಳೆಯುವುದು ಕಷ್ಟ. ಆಮೇಲೆ ಕಾರ್ಯಪಾಲಕ ಎಂಜಿನಿಯರರಿಗೆ ಮನವಿ ಕೊಟ್ಟು ಸ್ವೀಕೃತಿ ಪಡೆದೆ. ಮಾಂಡಮಸ್ (ಕರ್ತವ್ಯ ಮಾಡಿ ಎಂದು ಅಧಿಕಾರಿಗೆ ಕೋರ್ಟು ಕೊಡುವ ಆದೇಶ) ಕೇಳುವ ಮುಂಚೆ ನಾವು ಕೇಳಿದ್ದೂ ಅವರು ಕೊಡದಿದ್ದದ್ದೂ ಕಾಗದದಲ್ಲಿ ಇರಬೇಕು. ಆದರೆ ಮನವಿ ಮೇಲೆ ಮನವಿ ಕೊಟ್ಟ ಮಾತ್ರಕ್ಕೆ ದಾವೆಯ 3 ವರ್ಷದ ಕಾಲಮಿತಿ ನಿಲ್ಲುವುದಿಲ್ಲ. ಆ ಅವಧಿಯೊಳಗೆ ಅವರು ಬಾಕಿ ಒಪ್ಪಿ ಸಹಿ ಮಾಡಿದ ಪತ್ರ ಸಿಕ್ಕರೆ ಲೆಕ್ಕ ಹೊಸದಾಗಿ ಶುರುವಾಗುತ್ತದೆ. ಅಂಥ ಪತ್ರ ಜೋಪಾನ.

ಸರ್ಕಾರಿ ವಕೀಲರು ಎರಡು ತಕರಾರು ಎತ್ತಿದರು. ಒಂದು, ಕರಾರಿನಲ್ಲೇ ವಿವಾದ ಪರಿಹಾರದ ಬೇರೆ ದಾರಿ ಇದೆ. ಮಧ್ಯಸ್ಥಿಕೆ (ಆರ್ಬಿಟ್ರೇಷನ್) ಷರತ್ತು ಇದ್ದರೂ ರಿಟ್‌ಗೆ ಪೂರ್ತಿ ತಡೆಯಿಲ್ಲ ಎನ್ನುವ ಸುಪ್ರೀಂ ಕೋರ್ಟಿನ 2021ರ ಯುನಿಟೆಕ್ ತೀರ್ಪನ್ನು ಮುಂದಿಟ್ಟೆವು. ಇನ್ನೊಂದು, ಅನುದಾನ. ಅದಕ್ಕೆ ನಮ್ಮ ವಕೀಲರು ಕೇಳಿದ್ದಿಷ್ಟೇ: ಹಣ ಇಲ್ಲ ಅಂದರೆ ಹಣ ಕೊಡಬೇಕಾಗಿಲ್ಲ ಅಂತ ಅರ್ಥವೇ?

‘ಮನವಿ ಪರಿಗಣಿಸಿ’ ಎಂಬ ಆದೇಶಕ್ಕೆ ನಾವು ಒಪ್ಪಲಿಲ್ಲ. ಹಾಗೆ ಆದರೆ ಕಚೇರಿಯಿಂದ ಮತ್ತೆ ಒಂದು ಹಿಂಬರಹ (ಲಿಖಿತ ಉತ್ತರ) ಬರುತ್ತದೆ, ಹಣ ಬರುವುದಿಲ್ಲ. ಗಡುವಿನೊಳಗೆ ಪಾವತಿಸಿ ಎಂಬ ಆದೇಶವೇ ಬಂತು. ಆದೇಶದ ದೃಢೀಕೃತ ಪ್ರತಿಯನ್ನು ಪತ್ರದ ಜೊತೆ ಕಚೇರಿಗೆ ಕೊಟ್ಟೆ. ಗಡುವು ದಾಟಿದಾಗ ನ್ಯಾಯಾಂಗ ನಿಂದನೆಯ ನೋಟಿಸು ಹೋಯಿತು. ಅದರ ಅರ್ಜಿಗೆ 1 ವರ್ಷದ ಮಿತಿ ಇದೆ, ಮರೆಯಬಾರದು. ನೋಟಿಸು ತಲುಪಿದ ಮೇಲೆ ಅನುದಾನ ಬಂತು. ಬಡ್ಡಿ ಮತ್ತು ಎಕ್ಸ್‌ಟ್ರಾ ಐಟಂಗೆ ಸಿವಿಲ್ ದಾವೆ ನಡೆಯುತ್ತಿದೆ.