ಎ.ಸಿ. ಪಂಪಿನಲ್ಲಿ ಚಂದ್ರನ ಹಗಲು-ರಾತ್ರಿ: ನನ್ನ ಅನುಭವ

ಎ.ಸಿ. ಮೆಕ್ಯಾನಿಕ್‌ಗಳ ವ್ಯಾಕ್ಯೂಮ್ ಪಂಪ್ ಇಟ್ಟುಕೊಂಡು ಚಂದ್ರನ ನೆಲದ ಬಿಸಿ-ತಂಪು ತೋರಿಸೋದು ಆಗದ ಮಾತು, ಇನ್ನೂ ಹೆಚ್ಚು ನಿರ್ವಾತ ಎಳೆಯುವ ಟರ್ಬೋ ಪಂಪೇ ಬೇಕು ಅಂದವರೇ ಹೆಚ್ಚು. ಅದರ ಕೊಟೇಶನ್ ತರಿಸಿದರೆ ಮೂರೂವರೆ ಲಕ್ಷದ ಆಸುಪಾಸು. ‘ಸುಮ್ಮನ ರೊಕ್ಕಾ ಯಾಕ ಹಾಳ ಮಾಡ್ತೀರಿ, ಒಂದು ಚಾರ್ಟ್ ಬರದು ಗ್ವಾಡಿಗೆ ಹಚ್ರಿ’ ಅಂದವರೂ ಇದ್ದರು. ಈಗ ಅದೇ ಎ.ಸಿ. ಪಂಪಿನಿಂದ ಗಾಳಿ ಎಳೆದ ಪಾತ್ರೆಯಲ್ಲಿ, ಚಂದ್ರನ ಮಣ್ಣಿನ ಬದಲಿಗೆ ಇಟ್ಟ ಒಂದೇ ತಟ್ಟೆ ಕಲ್ಲಿನ ಪುಡಿಯ ಮೇಲೆ, 115 ಡಿಗ್ರಿಯೂ ಬರುತ್ತದೆ, ಮೈನಸ್ 75 ಕೂಡ ಬರುತ್ತದೆ. ಒಟ್ಟು ಖರ್ಚು 37-38 ಸಾವಿರ.

ಚಂದ್ರನ ನಡುರೇಖೆಯಲ್ಲಿ ಮಧ್ಯಾಹ್ನ ಸುಮಾರು 120 ಡಿಗ್ರಿ, ಬೆಳಗಾಗುವ ಮುಂಚೆ ಮೈನಸ್ 170ಕ್ಕಿಂತ ಕೆಳಗೆ. ಅಲ್ಲಿ ಬೀಳುವ ಬಿಸಿಲು ನಮ್ಮ ವಾತಾವರಣದ ಹೊರಗಿನ ಬಿಸಿಲೇ, ಚದರ ಮೀಟರಿಗೆ 1361 ವಾಟ್. ಅಷ್ಟು ಅಂತರಕ್ಕೆ ದೊಡ್ಡ ಕಾರಣ ಎರಡು: ಹಗಲು-ರಾತ್ರಿ ಒಂದೊಂದೂ ಹದಿನಾಲ್ಕು ದಿನದ ಮೇಲೆ ಇರುತ್ತದೆ, ಮತ್ತು ಮೇಲಿನ ಪುಡಿಯ ಸಂದುಗಳಲ್ಲಿ ಗಾಳಿ ಇಲ್ಲ. ಮೊದಲನೆಯದನ್ನು ನಾವು ಮಾಡಲಾರೆವು, ಎರಡನೆಯದನ್ನು ಮಾಡಬಹುದು. ಅದಕ್ಕೆ ಚಂದ್ರನಷ್ಟು ನಿರ್ವಾತ ಬೇಕಿಲ್ಲ ಅನ್ನೋದೇ ನನ್ನ ವಾದ. ಕಣದ ಗಾತ್ರ 0.15 ಮಿ.ಮೀ.ಗಿಂತ ಕಡಿಮೆ ಇದ್ದರೆ ಸಂದು ಇನ್ನೂ ಸಣ್ಣದು. ಗೇಜಿನಲ್ಲಿ 750 ಮೈಕ್ರಾನ್ (ಇಲ್ಲಿ ಇದು ಉದ್ದದ್ದಲ್ಲ, ಒಳಗೆ ಉಳಿದ ಗಾಳಿಯ ಒತ್ತಡದ ಅಳತೆ; ಕಡಿಮೆ ಆದಷ್ಟೂ ನಿರ್ವಾತ ಹೆಚ್ಚು) ಬರುವಾಗಲೇ ಸಂದಿನ ಗಾಳಿ ಶಾಖ ಸಾಗಿಸೋದು ಬಹುಪಾಲು ಬಿಟ್ಟಿರುತ್ತದೆ, 100ರ ಕೆಳಗೆ ಹೋದರೆ ತೀರಾ ಕಡಿಮೆ. ಎರಡು ಸ್ಟೇಜಿನ ಎ.ಸಿ. ಪಂಪ್ ಡಬ್ಬಿಯ ಮೇಲೆ 15 ಮೈಕ್ರಾನ್ ಅಂತ ಬರೆದಿರುತ್ತದೆ, ಕೊಡೋದು 60-80. ನಮಗೆ ಅಷ್ಟು ಸಾಕು.

ಪುಡಿಗೆ ಬೆಳಗಾವಿ ಕಡೆಯ ಕರಿಕಲ್ಲಿನ ಕ್ರಷರ್ ಡಸ್ಟ್. ಅದು ಬಸಾಲ್ಟ್, ಚಂದ್ರನ ಕಪ್ಪು ಕಲೆಗಳೂ ಬಸಾಲ್ಟೇ. ಬಿಳಿ ಭಾಗದ್ದೇ ಬೇಕು ಅಂತ ಹಟ ಹಿಡಿದರೆ ಅನಾರ್ಥೊಸೈಟ್ ಅನ್ನೋ ತಿಳಿಬಣ್ಣದ ಕಲ್ಲು ಹುಡುಕಬೇಕು. ಇಸ್ರೊ ತನ್ನ ಪರೀಕ್ಷೆಗಳಿಗೆ ತಮಿಳುನಾಡಿನ ಸಿತ್ತಂಪೂಂಡಿಯ ಅಂಥದೇ ಕಲ್ಲನ್ನು ಪುಡಿ ಮಾಡಿಸಿತ್ತು. ಶಾಖದ ಆಟಕ್ಕೆ ಕಲ್ಲಿನ ಜಾತಿಗಿಂತ ಕಣದ ಗಾತ್ರ ಮುಖ್ಯ. 100 ಮೆಶ್ ಜರಡಿ ಹಿಡಿದು, 15 ಸೆಂ.ಮೀ. ಅಗಲ, 8 ಸೆಂ.ಮೀ. ಆಳದ ತಟ್ಟೆಗೆ ಎರಡು ಕೆ.ಜಿ. ತುಂಬಿ. ತಟ್ಟೆ ಸ್ಟೀಲಿನದು ಬೇಡ, ಗೋಡೆಯ ಮೂಲಕ ಶಾಖ ಇಳಿದು ಆಳದ ರೀಡಿಂಗ್ ಎಲ್ಲ ಕೆಡುತ್ತದೆ. ತೆಳು ಫೈಬರ್ ಶೀಟ್ ಸುತ್ತಿ ಮಾಡಿದ್ದು ಚಲೋ. ಮಣ್ಣಿನ ಕುಡಿಕೆ ಅಂತೂ ಬೇಡವೇ ಬೇಡ, ನೀರು ಹಿಡಿದುಕೊಂಡೇ ಇರುತ್ತದೆ.

ನೀರೇ ಇದರಾಗಿನ ದೊಡ್ಡ ವೈರಿ. ಗೇಜ್ ಇಳಿದು ಇಳಿದು 4,600ರ ಹತ್ತಿರ ನಿಂತುಬಿಟ್ಟರೆ ಲೀಕ್ ಹುಡುಕುತ್ತ ಕೂರಬೇಡಿ. ಪುಡಿಯೊಳಗಿನ ನೀರು ಹೆಪ್ಪುಗಟ್ಟಿ ಬರ್ಫ ಆಗುತ್ತಿದೆ ಅಂತ ಅರ್ಥ. ಬರ್ಫ ಆವಿಯಾಗಿ ಮುಗಿಯುವ ತನಕ ಪಂಪ್ ತಿಣುಕುತ್ತದೆ, ಎಣ್ಣೆ ಹಾಲಿನಂತೆ ಬಿಳಿಯಾಗುತ್ತದೆ, ಬಿಳಿಯಾದ ಎಣ್ಣೆ 500ರ ಕೆಳಗೆ ಎಳೆಯೋದಿಲ್ಲ. ಲೀಟರಿಗೆ ಆರುನೂರರ ಎಣ್ಣೆ ಚೆಲ್ಲಿ ಚೆಲ್ಲಿಯೇ ಒಂದು ಥರ್ಮೋಕಪಲ್ (ಉಷ್ಣತೆ ಅಳೆಯುವ ತಂತಿ) ಸೆಟ್ಟಿನ ದುಡ್ಡು ಹೋಯಿತು. ಉಪಾಯ ಸರಳ: ಬೇಕರಿಯವರ ಭಟ್ಟಿ ರಾತ್ರಿ ಆರುವ ಹೊತ್ತಿಗೆ ಪುಡಿಯನ್ನು ತೆಳುವಾಗಿ ಹರಡಿ 150 ಡಿಗ್ರಿಯಲ್ಲಿಟ್ಟು, ಬೆಳಿಗ್ಗೆ ಬಿಸಿ ಇದ್ದಾಗಲೇ ಪಾತ್ರೆಗೆ ತುಂಬಿ ಮುಚ್ಚಳ ಹಾಕೋದು. ಪಂಪ್ ಹಾಕಿದ ಮೊದಲ ಅರ್ಧ ಗಂಟೆ ಗ್ಯಾಸ್ ಬ್ಯಾಲಸ್ಟ್ (ನೀರಾವಿ ಎಣ್ಣೆಯಲ್ಲಿ ಸೇರದೆ ಹೊರಹೋಗಲು ಪಂಪಿಗಿರುವ ಸಣ್ಣ ಕಿಂಡಿ) ತೆರೆದೇ ಇರಲಿ.

ಎಳೆಯೋದು ನಿಧಾನ. ಮೇನ್ ವಾಲ್ವ್ ಒಮ್ಮೆಲೇ ತೆಗೆದರೆ ಪುಡಿಯೊಳಗಿನ ಗಾಳಿ ನುಗ್ಗಿ ತಟ್ಟೆ ಅಂಬಲಿಯಂತೆ ಉಕ್ಕುತ್ತದೆ, ಗಾಜಿಗೆಲ್ಲ ಧೂಳು, ಪಂಪಿನ ಹೊಟ್ಟೆಗೂ ಧೂಳು. ಪಕ್ಕದಲ್ಲಿ ಗಾಳಿಯನ್ನು ಸ್ವಲ್ಪ ಸ್ವಲ್ಪವೇ ಬಿಡುವ ಒಂದು ನೀಡಲ್ ವಾಲ್ವ್ ಹಾಕಿ, ನಡುವೆ ಹತ್ತಿ ತುರುಕಿದ ಫಿಲ್ಟರ್ ಇಟ್ಟು, 20,000 ಮೈಕ್ರಾನ್ ತನಕ ಕಾಲು ಗಂಟೆ-ಇಪ್ಪತ್ತು ನಿಮಿಷ ಹಿಡಿಯಬೇಕು. ಆಮೇಲೆ ಮೇನ್. ನಾನ್-ರಿಟರ್ನ್ ವಾಲ್ವ್ ಮರೆಯಬೇಡಿ. ಕರೆಂಟ್ ಹೋದ ಕೂಡಲೇ ಪಾತ್ರೆಯೇ ಪಂಪಿನ ಎಣ್ಣೆಯನ್ನು ಒಳಗೆ ಜಗ್ಗಿಕೊಳ್ಳುತ್ತದೆ. ಎಣ್ಣೆ ಕುಡಿದ ಪುಡಿ ಎಷ್ಟು ಹುರಿದರೂ ಸುಧಾರಿಸೋದಿಲ್ಲ.

ಪಾತ್ರೆ 304 ಸ್ಟೇನ್‌ಲೆಸ್, 25 ಸೆಂ.ಮೀ. ಬಾಯಿ, ತಾರಿಹಾಳದಲ್ಲಿ ವೆಲ್ಡ್ ಮಾಡಿಸಿದ್ದು, ಎಂಟು ಸಾವಿರದ ಸುಮಾರು. ಮೇಲೆ 19 ಮಿ.ಮೀ. ಟಫನ್ಡ್ ಗಾಜು, ಕೆಳಗೆ ಸಿಲಿಕಾನ್ ಗ್ಯಾಸ್ಕೆಟ್. ಆ ಗಾಜಿನ ಮೇಲೆ ಗಾಳಿಯ ಭಾರ 500 ಕೆ.ಜಿ. ಇರುತ್ತದೆ, ಮೇಲಿಂದ ದೀಪದ ಕಾವು ಬೇರೆ. ಆದ್ದರಿಂದ ದಪ್ಪದಲ್ಲಿ ಉಳಿತಾಯ ಬೇಡ, ಮೇಲೊಂದು ಗಟ್ಟಿ ಜಾಳಿಗೆಯೂ ಇರಲಿ. ಅಕ್ರಿಲಿಕ್ ಮುಚ್ಚಳ ಹ್ಯಾಲೋಜನ್ ಕೆಳಗೆ ಮೆತ್ತಗಾಗಿ ಬಗ್ಗುತ್ತದೆ. ದೂರದಿಂದಲೇ ಉಷ್ಣತೆ ಅಳೆಯುವ ಐ.ಆರ್. ಗನ್ ಹಿಡಿದು ಗಾಜಿನ ಮೇಲಿಂದ ನೋಡಿದರೆ ಬರೋದು ಗಾಜಿನ ಉಷ್ಣತೆ, ಪುಡಿಯದ್ದಲ್ಲ. ಥರ್ಮೋಕಪಲ್ಲೇ ಗತಿ: ಕೆ ಟೈಪ್, 0.2 ಮಿ.ಮೀ. ತಂತಿ, ಮೇಲಿನದು ಪುಡಿಯೊಳಗೆ 1 ಮಿ.ಮೀ. ಹುದುಗಿರಬೇಕು. ಮೇಲೆ ಬಿಟ್ಟರೆ ದೀಪದ ಬೆಳಕನ್ನೇ ತಿಂದು ಸುಳ್ಳು ಹೇಳುತ್ತದೆ. ಉಳಿದವು 1, 2, 3, 5 ಸೆಂ.ಮೀ. ಆಳದಲ್ಲಿ. ತಂತಿಗಳು ಬೋಲ್ಟ್ ತೂತಿನಿಂದ ಅರಾಲ್ಡೈಟ್ ಮೂಲಕ ಹೊರಗೆ. ತಂತಿಯ ರೀಡಿಂಗ್ ಓದುವ ಬೋರ್ಡ್ ಮ್ಯಾಕ್ಸ್ 31855 ತಗೊಳ್ಳಿ. ಅಗ್ಗದ 6675 ಸೊನ್ನೆಯ ಕೆಳಗೆ ಓದೋದೇ ಇಲ್ಲ, ರಾತ್ರಿಯಿಡೀ ಸೊನ್ನೆ ತೋರಿಸುತ್ತ ಕೂರುತ್ತದೆ.

ದೀಪ 500 ವಾಟ್ ಹ್ಯಾಲೋಜನ್. ಎಷ್ಟು ಎತ್ತರದಲ್ಲಿ ಇಡಬೇಕು? ಮಸಿ ಬಳಿದ ತಾಮ್ರದ ಬಿಲ್ಲೆಯನ್ನು ಮಾರ್ಚ್ ತಿಂಗಳ ನಡುಹಗಲ ಬಿಸಿಲಿಗೆ ಹಿಡಿದು ಮೊದಲ ಒಂದು ನಿಮಿಷದಲ್ಲಿ ಎಷ್ಟು ಏರಿತು ಅಂತ ಬರೆದುಕೊಳ್ಳಿ. ಹುಬ್ಬಳ್ಳಿಯ ಸ್ವಚ್ಛ ಆಕಾಶದಲ್ಲಿ ಆಗ 950-1000 ವಾಟ್ ಹಿಡಿಯಬಹುದು. ಅದೇ ಬಿಲ್ಲೆ ಅದೇ ಗಾಜಿನ ಕೆಳಗೆ ಅದರ ಒಂದೂ ಕಾಲು, ಒಂದೂವರೆ ಪಟ್ಟಿನ ನಡುವೆ ಏರುವಷ್ಟು ದೀಪ ಇಳಿಸಿ.

ಇಷ್ಟಾದ ಮೇಲೂ ಲೆಕ್ಕ ತಪ್ಪುತ್ತಿತ್ತು. ಮುಚ್ಚಳ ತೆರೆದು ಗಾಳಿಯಲ್ಲಿ ಅದೇ ದೀಪ ಹಾಕಿದರೆ 65 ಡಿಗ್ರಿ, ನಿರ್ವಾತದಲ್ಲಿ 140 ದಾಟುತ್ತಿತ್ತು. ‘ನೋಡ್ರಿ, ನಾವು ಹೇಳಿದ್ದಿಲ್ಲೇನು’ ಅಂದರು, ಮೊದಲು ಆಗದ ಮಾತು ಅಂದಿದ್ದವರು. ದೀಪ ಹೆಚ್ಚಾಗಿದ್ದಲ್ಲ. ಪಾತ್ರೆಯ ಗೋಡೆಗಳು ಕೋಣೆಯ ಬಿಸಿಯಲ್ಲಿದ್ದು, ಅವೇ ಚದರ ಮೀಟರಿಗೆ 450 ವಾಟ್ ಮೇಲೆ ಪುಡಿಗೆ ವಾಪಸ್ ಬೀರುತ್ತಿದ್ದವು. ಚಂದ್ರನಿಗೆ ಅಂಥ ಗೋಡೆ ಇಲ್ಲ, ಕಪ್ಪು ಆಕಾಶ ಇದೆ. ಹಾಗಾಗಿ ಪುಡಿಯ ಸುತ್ತ ತಾಮ್ರದ ಕೊಳವೆ ಬೆಸೆದ ತಗಡಿನ ಗೋಡೆ, ಒಳಮೈ ಕಪ್ಪು ಬಣ್ಣ, ಹೊರಮೈಗೆ ಅಲ್ಯುಮಿನಿಯಂ ಫಾಯಿಲ್, ಕೊಳವೆಯಲ್ಲಿ ದ್ರವ ಸಾರಜನಕ. ಇದು ಊರಾಗ ಎಲ್ಲಿ ಸಿಗುತ್ತದೆ ಅನ್ನಬೇಡಿ. ದನಗಳ ಕೃತಕ ಗರ್ಭಧಾರಣೆಯ ವೀರ್ಯ ಕಡ್ಡಿಗಳು ಇರೋದೇ ಅದರಲ್ಲಿ, ಪೂರೈಸುವವರನ್ನು ಅಲ್ಲಿಯೇ ವಿಚಾರಿಸಿ. ಒಂದು ಪ್ರಯೋಗಕ್ಕೆ 5-6 ಲೀಟರ್, ಸಾಗಣೆ ಸೇರಿ ಐದಾರು ನೂರು ರೂಪಾಯಿ. ಕೊಳವೆಯ ಇನ್ನೊಂದು ತುದಿ ಯಾವತ್ತೂ ತೆರೆದಿರಲಿ, ಕೋಣೆಯ ಕಿಟಕಿಗಳೂ ತೆರೆದಿರಲಿ. ಮುಚ್ಚಿದ ಕೋಣೆಯಲ್ಲಿ ಸಾರಜನಕ ಗೊತ್ತಾಗದಂತೆ ಉಸಿರು ಕಸಿಯುತ್ತದೆ. ಗೋಡೆ ತಂಪಾದ ಮೇಲೆ ಹಗಲು 115ಕ್ಕೆ ಬಂದು ನಿಂತಿತು.

ರಾತ್ರಿಗೆ ದೀಪ ಆರಿಸಿದರೆ ಸಾಲದು. ಮೇಲಿನ ಗಾಜು ಕೋಣೆಯ ಬಿಸಿಯಲ್ಲೇ ಇದ್ದು ಪುಡಿಯನ್ನು ಕಾಯಿಸುತ್ತಲೇ ಇರುತ್ತದೆ, ಮೈನಸ್ 20ರ ಕೆಳಗೆ ಇಳಿಯಲು ಬಿಡೋದಿಲ್ಲ. ಗಾಜಿನ ಕೆಳಗೆ ತಂಪು ಗೋಡೆಗೆ ತಾಗಿಕೊಂಡೇ ಜಾರುವ ಕಪ್ಪು ಶಟರ್ ಬೇಕು. ನಿರ್ವಾತ ಮುರಿಯದೆ ಅದನ್ನು ಹೊರಗಿನಿಂದ ಜಾರಿಸುವ ಬಗೆ ಇಲ್ಲಿ ಬರೆಯೋದಿಲ್ಲ. ಆಯಸ್ಕಾಂತ ಅಂತ ಊಹಿಸಿದವರು ಅರ್ಧ ದಾರಿ ಬಂದಿದ್ದಾರೆ. ಶಟರ್ ಮುಚ್ಚಿದರೆ ಮೇಲ್ಮೈ ಮೊದಲ ಕಾಲು ಗಂಟೆಯಲ್ಲೇ ಸೊನ್ನೆ ದಾಟಿ, ಎರಡು ತಾಸಿನೊಳಗೆ ಮೈನಸ್ 75. ಅಷ್ಟು ಹೊತ್ತೂ 5 ಸೆಂ.ಮೀ. ಆಳದ ತಂತಿ ಅಲುಗಾಡೋದಿಲ್ಲ, ಒಂದು ಡಿಗ್ರಿ ಆಚೀಚೆ ಅಷ್ಟೇ. ಗಾಳಿ ಬಿಟ್ಟು ಅದೇ ದೀಪ ಹಾಕಿ ನೋಡಿ, ತಾಸಿನೊಳಗೆ 3 ಸೆಂ.ಮೀ. ತನಕ ಬೆಚ್ಚಗಾಗಿರುತ್ತದೆ. ಪುಡಿ ಅದೇ, ಬದಲಾದದ್ದು ಸಂದಿನ ಗಾಳಿ.

ಚಂದ್ರಯಾನ-3ರಲ್ಲಿ ಚಂದ್ರನ ನೆಲಕ್ಕೆ ಚುಚ್ಚಿ ಉಷ್ಣತೆ ಅಳೆದ ಚಾಸ್ಟೆ ಸಲಾಕೆ 2023ರ ಆಗಸ್ಟ್‌ನಲ್ಲಿ ತೋರಿಸಿದ್ದೂ ಇದನ್ನೇ: ಮೇಲೆ 50ರ ಹತ್ತಿರ, 8 ಸೆಂ.ಮೀ. ಕೆಳಗೆ ಮೈನಸ್ 10. ಆಮೇಲೆ ಬಂದ ವಿಶ್ಲೇಷಣೆಯಲ್ಲಿ ಸೂರ್ಯನ ಕಡೆಗೆ 6 ಡಿಗ್ರಿ ವಾಲಿದ ಜಾಗದಲ್ಲಿ 82, ಒಂದು ಮೀಟರ್ ಆಚೆಯ ಸಮತಟ್ಟಿನಲ್ಲಿ 59 ಅಂತ ಇದೆ. ನಂಬದವರಿಗಾಗಿ ದೀಪ ಮೇಲೆತ್ತಿ ಪುಡಿಯನ್ನು 60ಕ್ಕೆ ನಿಲ್ಲಿಸಿ, ಕಾಲು ಪಾಲು ಬೆಳಕು ಹೆಚ್ಚಿಸಿ ನೋಡಿದೆ. ಸುಮಾರು 20 ಡಿಗ್ರಿ ಏರಿತು. ಸೂರ್ಯ ಓರೆಯಾಗಿರುವ ಧ್ರುವದ ಕಡೆ ಸಣ್ಣ ಇಳಿಜಾರೂ ಬೆಳಕನ್ನು ಅಷ್ಟು ಬದಲಿಸಬಲ್ಲದು.

ಇನ್ನೊಂದು ಆಟ: ಪುಡಿಯ ಮೇಲೆ ನಿಂಬೆಹಣ್ಣಿನಷ್ಟು ಗಟ್ಟಿ ಕರಿಕಲ್ಲು ಇಟ್ಟು, ಅದಕ್ಕೂ ಒಂದು ತಂತಿ ಅಂಟಿಸಿ ದೀಪ ಆರಿಸಿ. ಪುಡಿ ಮೈನಸ್‌ಗೆ ಇಳಿದು ಎಷ್ಟೋ ಹೊತ್ತಾದರೂ ಕಲ್ಲು ಬೆಚ್ಚಗೇ ಇರುತ್ತದೆ. ಚಂದ್ರಗ್ರಹಣದ ಹೊತ್ತು ಚಂದ್ರನ ಮೇಲಿನ ಟೈಕೋ ಕುಳಿ ಸುತ್ತಲಿನ ನೆಲಕ್ಕಿಂತ ಬಿಸಿಯಾಗಿ ಕಾಣೋದು ಅಲ್ಲಿ ಬಂಡೆಗಳು ಹೆಚ್ಚಿರುವುದರಿಂದಲೇ.

ಮಳೆಗಾಲದಲ್ಲಿ ಮಾತ್ರ ಈ ಉಸಾಬರಿ ಬೇಡ. ಧಾರವಾಡದ ಜಿಟಿಜಿಟಿಯಲ್ಲಿ ಹುರಿದ ಪುಡಿಯನ್ನು ಒಂದು ರಾತ್ರಿ ತೆರೆದಿಟ್ಟರೂ ಗೇಜ್ ಮರುದಿನ ಮತ್ತೆ 4,600ಕ್ಕೇ ನಿಲ್ಲುತ್ತದೆ. ಜನವರಿಯಿಂದ ಮಾರ್ಚ್ ಸರಿಯಾದ ಹೊತ್ತು.